ರಕ್ತದ ಹೆಜ್ಜೆ ಅಳಿಸೋರು ಯಾರು?

2003ನೇ ಇಸವಿ. ಮಧ್ಯ ಅಮೆರಿಕದ ಪುಟ್ಟ ದೇಶ ಗ್ವಾಟೆಮಾಲಾ. ಅದರ ರಾಜಧಾನಿಯ ಬೀದಿಯಲ್ಲಿ ಒಬ್ಬ ಹೆಣ್ಣುಮಗಳು ಕಪ್ಪು ಬಟ್ಟೆ ತೊಟ್ಟು, ಬರಿಗಾಲಲ್ಲಿ ನಡೀತಿದ್ದಾಳೆ. ಕೈಯಲ್ಲೊಂದು ಬಿಳಿ ಬೇಸಿನ್. ಅದರಲ್ಲಿರೋದು ಮನುಷ್ಯರ ರಕ್ತ! ನಾಲ್ಕು ಹೆಜ್ಜೆ ನಡೀತಾಳೆ, ಬೇಸಿನ್ ಕೆಳಗಿಟ್ಟು ಪಾದ ಅದ್ದುತ್ತಾಳೆ, ಮತ್ತೆ ನಡೀತಾಳೆ. ಘೋಷಣೆ ಇಲ್ಲ, ಭಾಷಣ ಇಲ್ಲ. ಸಂವಿಧಾನ ನ್ಯಾಯಾಲಯದಿಂದ ರಾಷ್ಟ್ರೀಯ ಅರಮನೆಯವರೆಗೂ ಬರೀ ಕೆಂಪು ಹೆಜ್ಜೆಗಳು.

ಆಕೆಯ ಹೆಸರು ರೆಜಿನಾ ಹೋಸೆ ಗಲಿಂಡೋ. ಹುಟ್ಟಿದ್ದು 1974ರಲ್ಲಿ. ಕಲಾವಿದೆ. ಆದರೆ ಆಕೆಗೆ ಕ್ಯಾನ್ವಾಸ್ ಬೇಡ, ಸ್ವಂತ ದೇಹವೇ ಕ್ಯಾನ್ವಾಸ್. ಆ ನಡಿಗೆಗೆ ಆಕೆ ಇಟ್ಟ ಹೆಸರೇ ಒಂದು ಪ್ರಶ್ನೆ: 'ಈ ಹೆಜ್ಜೆಗುರುತು ಅಳಿಸೋರು ಯಾರು?'

ಯಾಕೆ ಈ ನಡಿಗೆ? ಸ್ವಲ್ಪ ಹಿಂದಕ್ಕೆ ಹೋಗೋಣ ವೀಕ್ಷಕರೇ. ಗ್ವಾಟೆಮಾಲಾದಲ್ಲಿ 1960ರಿಂದ 1996ರವರೆಗೆ ಅಂತರ್ಯುದ್ಧ. ಸತ್ತವರು, ನಾಪತ್ತೆಯಾದವರು 2 ಲಕ್ಷಕ್ಕೂ ಹೆಚ್ಚು. ಗುರುತು ಸಿಕ್ಕವರಲ್ಲಿ ಶೇ. 83 ಮಂದಿ ಮಾಯಾ ಬುಡಕಟ್ಟಿನ ಜನ. 1982ರ ಮಾರ್ಚ್‌ನಲ್ಲಿ ದಂಗೆ ಮಾಡಿ ಗದ್ದುಗೆ ಏರಿದವನು ಜನರಲ್ ಎಫ್ರಾಯಿನ್ ರಿಯೋಸ್ ಮಾಂಟ್. ಅವನ ಕಾಲದಲ್ಲಿ ಸೇನೆ ಹಳ್ಳಿಗೆ ಹಳ್ಳಿಯನ್ನೇ ಸುಟ್ಟಿತು.

ದಂಗೆ ಮಾಡಿದವರು ಅಧ್ಯಕ್ಷರಾಗುವಂತಿಲ್ಲ ಅಂತ ಅಲ್ಲಿನ ಸಂವಿಧಾನವೇ ಹೇಳುತ್ತೆ. ಆದರೂ 2003ರಲ್ಲಿ ಸಂವಿಧಾನ ನ್ಯಾಯಾಲಯ ಅವನ ಸ್ಪರ್ಧೆಗೆ ಅಸ್ತು ಅಂದಿತು! ಅದಕ್ಕೇ ಆಕೆ ನಡೆದಳು, ಅದೇ ನ್ಯಾಯಾಲಯದ ಮುಂದಿನಿಂದ.

ಒಬ್ಬಳ ನಡಿಗೆಯಿಂದ ಏನಾಯ್ತು ಅಂತೀರಾ? ಆತನ ಸ್ಪರ್ಧೆ ನಿಲ್ಲಲಿಲ್ಲ, ನಿಜ. ಜನ ಮಾತ್ರ ಅವನನ್ನು ಮೂರನೇ ಸ್ಥಾನಕ್ಕೆ ತಳ್ಳಿದರು. 2005ರಲ್ಲಿ ವೆನಿಸ್ ಬಿನಾಲೆ ಗಲಿಂಡೋಗೆ ಗೋಲ್ಡನ್ ಲಯನ್ ಕೊಟ್ಟಿತು. ಮುಂದೆ 2013ರ ಮೇ 10ರಂದು ಆ ಜನರಲ್‌ಗೆ ನರಮೇಧ ಮತ್ತು ಮಾನವೀಯತೆಯ ವಿರುದ್ಧದ ಅಪರಾಧಕ್ಕೆ ಒಟ್ಟು 80 ವರ್ಷ ಶಿಕ್ಷೆ. 1,771 ಇಶಿಲ್ ಮಾಯಾ ಜನರ ಹತ್ಯೆಯ ಕೇಸು ಅದು. ಹತ್ತೇ ದಿನ! ತೀರ್ಪು ರದ್ದು. ರದ್ದು ಮಾಡಿದ್ದು ಯಾರು? ಅದೇ ಸಂವಿಧಾನ ನ್ಯಾಯಾಲಯ.

ಅದೇ ವರ್ಷ ಗಲಿಂಡೋ ಮತ್ತೆ ಜನರ ಮುಂದೆ ಕೂತಳು. ಬದುಕುಳಿದವರ ಸಾಕ್ಷ್ಯಗಳನ್ನು ಓದುತ್ತಾ ಹೋದಳು. ಪಕ್ಕದಲ್ಲೊಬ್ಬ ದಂತವೈದ್ಯ, ನಡುನಡುವೆ ಬಾಯಿಗೆ ಮರಗಟ್ಟುವ ಇಂಜೆಕ್ಷನ್. ನಾಲಿಗೆ ತೊದಲಿತು, ಆಕೆ ನಿಲ್ಲಿಸಲಿಲ್ಲ.

2018ರಲ್ಲಿ, ಮರುವಿಚಾರಣೆ ನಡೀತಿರುವಾಗಲೇ ರಿಯೋಸ್ ಮಾಂಟ್ ಸತ್ತ. ಅಂತಿಮ ಶಿಕ್ಷೆ ಆಗಲೇ ಇಲ್ಲ. ಬೀದಿಯ ರಕ್ತವನ್ನು ಒಂದು ಮಳೆ ತೊಳೆಯುತ್ತೆ. ತೀರ್ಪನ್ನು ಒಂದು ಸಹಿ ತೊಳೆಯುತ್ತೆ. ಆದರೆ ತುಂಬಿದ ನ್ಯಾಯಾಲಯದಲ್ಲಿ ಇಶಿಲ್ ಹೆಂಗಸರು ಎದ್ದುನಿಂತು ಹೇಳಿದ್ದನ್ನು ದೇಶ ಕೇಳಿಸಿಕೊಂಡಾಗಿದೆ. ಅದನ್ನು ಅಳಿಸೋರು ಯಾರು?