ಮೀಡ್, ಟೇಲರ್ (1924–2013)

ಅಮೆರಿಕದ ಅಂಡರ್‌ಗ್ರೌಂಡ್ (ಸ್ಟುಡಿಯೊಗಳ ಹೊರಗಿನ ಪ್ರಾಯೋಗಿಕ) ಸಿನಿಮಾದ ನಟ, ಕವಿ. ಹುಟ್ಟಿದ್ದು ಮಿಶಿಗನ್ ರಾಜ್ಯದ ಗ್ರಾಸ್ ಪಾಯಿಂಟ್ ಎಂಬ ಸಿರಿವಂತರ ಊರಿನಲ್ಲಿ.

ಈತನಿಗೆ ಹೆಸರು ತಂದದ್ದು ರಾನ್ ರೈಸ್ ನಿರ್ದೇಶನದ ‘ದಿ ಫ್ಲವರ್ ಥೀಫ್’ (1960). ಸೇನೆ ಬಳಸದೆ ಉಳಿದಿದ್ದ 16 ಎಂ.ಎಂ. ಫಿಲ್ಮನ್ನು ಅಗ್ಗಕ್ಕೆ ಹೊಂದಿಸಿಕೊಂಡು, ಸ್ಯಾನ್‌ಫ್ರಾನ್ಸಿಸ್ಕೊದ ಬೀದಿಗಳಲ್ಲಿ, ಚಿತ್ರಕಥೆಯ ಹಂಗಿಲ್ಲದೆ ಚಿತ್ರೀಕರಿಸಿದ್ದು. ಕದ್ದ ಹೂವು, ಟೆಡ್ಡಿ ಬೇರ್ ಇಟ್ಟುಕೊಂಡು ಪೆದ್ದನಂತೆ ಅಲೆಯುವ ಮೀಡ್‌ಗೆ ಸಂಭಾಷಣೆಯಿಲ್ಲ. ಜೋಲುಮೋರೆ, ತೂರಾಡುವ ನಡಿಗೆಯಷ್ಟೇ ಬಂಡವಾಳ. ಮೂಕಿ ಕಾಲದ ಹಾಸ್ಯನಟರ ಪಂಕ್ತಿಯಲ್ಲಿ ಈತನನ್ನು ಕೂರಿಸಿದರೆ ತಪ್ಪೇನಿಲ್ಲ.

1963ರಲ್ಲಿ ಪಾಪ್ ಕಲಾವಿದ ಆಂಡಿ ವಾರ್ಹಾಲ್ ತೆಗೆದ ಟಾರ್ಜನ್ ಅಣಕದಲ್ಲಿ ಈ ಬಡಕಲು ದೇಹಿಯೇ ಟಾರ್ಜನ್! ಮರುವರ್ಷ, ಮೀಡ್‌ನ ಹಿಂಬದಿಯನ್ನೇ ಗಂಟೆಗಟ್ಟಲೆ ತೋರಿಸುವ ಚಿತ್ರಗಳು ಬರುತ್ತಿವೆಯೆಂದು ಒಬ್ಬರು ಪತ್ರಿಕೆಗೆ ಬರೆದು ಹಳಿದರು. ಅಂಥದ್ದು ತಮ್ಮಲ್ಲಿಲ್ಲವೆಂದು ಉತ್ತರಿಸಿದ ವಾರ್ಹಾಲ್–ಮೀಡ್ ಜೋಡಿ, ನಿಜಕ್ಕೂ ಅದನ್ನೇ ಒಂದು ಗಂಟೆಗೂ ಮೀರಿ ತೋರಿಸುವ ಚಿತ್ರ ಮಾಡಿ ಮುಗಿಸಿತು. ಅದೇ 1964ರಲ್ಲಿ ಕವಿ ಫ್ರಾಂಕ್ ಓಹಾರಾರ ನಾಟಕದ ಅಭಿನಯಕ್ಕೆ ಓಬಿ (ನ್ಯೂಯಾರ್ಕ್‌ನ ಆಫ್-ಬ್ರಾಡ್‌ವೇ ರಂಗಭೂಮಿಯ) ಪ್ರಶಸ್ತಿ.

‘ಲೋನ್‌ಸಮ್ ಕೌಬಾಯ್ಸ್’ (1968) ವಾರ್ಹಾಲ್ ಜೊತೆಗಿನ ಇನ್ನೊಂದು ಚಿತ್ರ. ಹೊಸ ಪೀಳಿಗೆ ಈತನನ್ನು ಕಂಡದ್ದು ಜಿಮ್ ಜಾರ್ಮುಶ್‌ರ ‘ಕಾಫಿ ಅಂಡ್ ಸಿಗರೆಟ್ಸ್’ (2003) ಚಿತ್ರದ ಕೊನೆಯ ಕಥೆಯಲ್ಲಿ: ಬಡಪಾಯಿ ಕಾಫಿಯನ್ನು ಶಾಂಪೇನ್ ಎಂದು ಕಲ್ಪಿಸಿಕೊಂಡು ಗುಟುಕರಿಸುವ ಮುದುಕ. ಈತನ ಅತ್ಯುತ್ತಮ ಅಭಿನಯ ಬಹುಶಃ ಅದೇ.

ನ್ಯೂಯಾರ್ಕ್‌ನ ಲಡ್ಲೋ ಬೀದಿಯ ಬಾಡಿಗೆ ಮನೆ ಬಿಟ್ಟ ಕೆಲವೇ ವಾರಗಳಲ್ಲಿ, 2013ರ ಮೇ 8ರಂದು, ಡೆನ್ವರ್‌ನಲ್ಲಿ ನಿಧನ.