ಹಿಮದಲ್ಲಿ ನೆಟ್ಟ ಬಾವುಟಗಳು

1911ರ ಡಿಸೆಂಬರ್ 14ರಂದು ಅಮುಂಡ್ಸೆನ್ ದಕ್ಷಿಣ ಧ್ರುವವನ್ನು ತಲುಪಿದನೆಂದು ತರಗತಿಯಲ್ಲಿ ಬರೆಸುತ್ತಿದ್ದೆ. ಅವನು ಹೇಗೆ ಸುರಕ್ಷಿತವಾಗಿ ಮರಳಿದನೆಂಬುದನ್ನು ಹೇಳದೆ ಬಿಟ್ಟೆನಲ್ಲಾ ಎಂಬ ಕೊರಗು ಇಂದಿಗೂ ಇದೆ.

ಅವನು ಹಾದಿಯಲ್ಲಿ ಮೊದಲೇ ಆಹಾರದ ದಾಸ್ತಾನುಗಳನ್ನು ಇರಿಸಿದ್ದನು. ಮಂಜಿನಲ್ಲಿ ದಾರಿ ತಪ್ಪಿದರೂ ಅವು ಸಿಗಲೆಂದು ಪೂರ್ವ ಪಶ್ಚಿಮಗಳಿಗೆ ಕಿಲೋಮೀಟರುಗಟ್ಟಲೆ ಬಾವುಟಗಳ ಸಾಲು ನೆಡಿಸಿದ್ದನು. ಅವನೊಡನೆ ಪೈಪೋಟಿಗಿಳಿದಿದ್ದ ಸ್ಕಾಟನ ಮುಖ್ಯ ದಾಸ್ತಾನಾದರೋ, ಕುದುರೆಗಳು ಬಳಲಿದ್ದರಿಂದ, ಗೊತ್ತುಮಾಡಿದ ಸ್ಥಳಕ್ಕಿಂತ 50 ಕಿಲೋಮೀಟರಿಗೂ ಹೆಚ್ಚು ಈಚೆಯೇ ಉಳಿಯಿತು. 1912ರ ಮಾರ್ಚಿನಲ್ಲಿ ಧ್ರುವದಿಂದ ಮರಳುತ್ತಿದ್ದ ಸ್ಕಾಟನೂ ಇಬ್ಬರು ಸಂಗಡಿಗರೂ ಅದಕ್ಕೆ ಸುಮಾರು 20 ಕಿಲೋಮೀಟರ್ ದೂರದಲ್ಲಿ, ಹಿಮದ ಬಿರುಗಾಳಿಗೆ ಸಿಲುಕಿ, ಡೇರೆಯಲ್ಲಿಯೇ ಮಡಿದರು.

ಕೂಡಿಟ್ಟರೆ ಸಾಲದು, ಆಪತ್ತಿನಲ್ಲಿ ಕೈಗೆ ಸಿಗುವಂತೆ ಇಡಬೇಕು. ಚಾರಣಕ್ಕೆ ಹೋಗುವ ನನ್ನ ವಿದ್ಯಾರ್ಥಿಗಳೇ, ದಾರಿಯನ್ನೂ ಮರಳುವ ಹೊತ್ತನ್ನೂ ಮನೆಯಲ್ಲಿ ತಿಳಿಸಿ ಹೊರಡಿ. ಮನೆಯ ಟಾರ್ಚು ಎಲ್ಲಿದೆಯೆಂಬುದು ಕತ್ತಲಾಗುವ ಮೊದಲೇ ಎಲ್ಲರಿಗೂ ಗೊತ್ತಿರಲಿ.