ಹಳೆಯ ಪಟ್ಟಿಯ ಋಣ

ವೆಬ್ ಸರ್ವರಿನ ಹೋಸ್ಟ್‌ನೇಮ್ ಕೈಕೊಟ್ಟರೆ ಅದನ್ನು ನೋಡಿಕೊಳ್ಳುವವರ ಅಜಾಗರೂಕತೆಯನ್ನು ದೂರುವುದು ರೂಢಿ. ಅಕ್ಷರ ತಪ್ಪಿಸುವವರು ಅವರೇ, ನಿಜ. ಆದರೆ ಆ ತಪ್ಪು ಇಷ್ಟು ಕಾಡುವುದಕ್ಕೆ ಕಾರಣ ಇತಿಹಾಸದಲ್ಲಿದೆ: ಹೊಸ ವ್ಯವಸ್ಥೆ ಬಂದಾಗ ಹಳೆಯದು ಜಾಗ ಖಾಲಿ ಮಾಡಲಿಲ್ಲ. 1970ರ ದಶಕದಲ್ಲಿ ಇಂಟರ್ನೆಟ್ಟಿನ ಪೂರ್ವಜವಾದ ಅರ್ಪಾನೆಟ್ಟಿನ ಯಂತ್ರಗಳ ಹೆಸರು, ವಿಳಾಸಗಳನ್ನು ಕ್ಯಾಲಿಫೋರ್ನಿಯಾದ ಸ್ಟ್ಯಾನ್‌ಫರ್ಡ್ ರಿಸರ್ಚ್ ಇನ್‌ಸ್ಟಿಟ್ಯೂಟಿನಲ್ಲಿ ಎಲಿಜಬೆತ್ ಫೈನ್ಲರ್ ಅವರ ತಂಡ ಒಂದೇ ಪಟ್ಟಿಯಲ್ಲಿ ಕಾಯ್ದುಕೊಂಡಿತ್ತು. ಜಾಲ ಬೆಳೆದಂತೆ ಅದನ್ನು ತಿದ್ದಿ ಹಂಚುವುದೇ ಭಾರವಾಯಿತು. 1983ರಲ್ಲಿ ಪಾಲ್ ಮೊಕಾಪೆಟ್ರಿಸ್ ಹೆಸರಿಗೆ ವಿಳಾಸ ಹುಡುಕಿಕೊಡುವ ಡಿಎನ್‌ಎಸ್ ವ್ಯವಸ್ಥೆಯನ್ನು ರೂಪಿಸಿ ಆ ಹೊಣೆಯನ್ನು ಹಲವು ಸರ್ವರುಗಳಿಗೆ ಹಂಚಿದರು. ಪಟ್ಟಿ ಮಾತ್ರ ಅಳಿಯಲಿಲ್ಲ. ಲಿನಕ್ಸಿನಲ್ಲಿ ಅದು ಹೋಸ್ಟ್ಸ್ ಫೈಲ್ ಆಗಿ ಉಳಿದಿದೆ. ಸಾಮಾನ್ಯವಾಗಿ ಯಂತ್ರ ಡಿಎನ್‌ಎಸ್‌ಗಿಂತ ಮೊದಲು ಓದುವುದೂ ಅದನ್ನೇ. ಅಲ್ಲೊಂದು ಹಳಸಿದ ಸಾಲಿದ್ದರೆ ಡಿಎನ್‌ಎಸ್ ಸರಿಯಿದ್ದೂ ಪ್ರಯೋಜನವಿಲ್ಲ.

ವೆಬ್ ಇನ್ನೊಂದು ಪದರ ಸೇರಿಸಿತು. ಎಚ್‌ಟಿಟಿಪಿಯ ಮೊದಲ ಆವೃತ್ತಿಗಳಲ್ಲಿ ಬ್ರೌಸರ್ ತನಗೆ ಬೇಕಾದ ತಾಣದ ಹೆಸರು ಹೇಳಬೇಕಿರಲಿಲ್ಲ. ತಾಣಕ್ಕೊಂದು ಐಪಿ ವಿಳಾಸ ಬೇಕಿತ್ತು. 1997ರ ಎಚ್‌ಟಿಟಿಪಿ 1.1 ಹೋಸ್ಟ್ ಹೆಡರನ್ನು ಕಡ್ಡಾಯ ಮಾಡಿದ ಮೇಲೆ ಒಂದೇ ವಿಳಾಸದಲ್ಲಿ ಹಲವು ತಾಣಗಳು ವರ್ಚುವಲ್ ಹೋಸ್ಟ್‌ಗಳಾಗಿ ನೆಲೆಸಿದವು. ಯಾವ ಹೆಸರಿಗೂ ಹೊಂದದ ಕೋರಿಕೆಯನ್ನು ಅಪಾಚೆ ವೆಬ್ ಸರ್ವರ್ ಆ ವಿಳಾಸದ ಮೊದಲ ವರ್ಚುವಲ್ ಹೋಸ್ಟಿಗೆ ಒಪ್ಪಿಸುತ್ತದೆ. ಹಾಗಾಗಿ ತಾಣದ ಹೆಸರು ಬರೆಯುವ ಸರ್ವರ್‌ನೇಮ್ ಸಾಲಿನಲ್ಲಿ ಒಂದಕ್ಷರ ತಪ್ಪಿದರೆ ದೋಷಸಂದೇಶದ ಬದಲು ಬೇರೊಂದು ತಾಣದ ಪುಟ ತೆರೆದುಕೊಳ್ಳಬಹುದು. ಹೋಸ್ಟ್ಸ್ ಫೈಲ್ ಎಂಬ ಹಳೆಯ ಪದರವನ್ನೇ ಕಿತ್ತುಹಾಕಬಾರದೇ ಎಂದು ಕೇಳಬಹುದು. ಜಾಲದ ಸಂಪರ್ಕ ಸಿಗುವ ಮುನ್ನವೂ ಯಂತ್ರಕ್ಕೆ ತನ್ನ ಹೆಸರಿನ ವಿಳಾಸ ಗೊತ್ತಿರಬೇಕು. ಅದಕ್ಕೆ ಆ ಫೈಲೇ ಆಸರೆ. ಆದ್ದರಿಂದ ತನಿಖೆಯೂ ಇತಿಹಾಸದ ಕ್ರಮದಲ್ಲೇ ಸಾಗಲಿ: ಮೊದಲು ಹೋಸ್ಟ್ಸ್ ಫೈಲ್, ಆಮೇಲೆ ಡಿಎನ್‌ಎಸ್, ಕೊನೆಗೆ ವರ್ಚುವಲ್ ಹೋಸ್ಟ್.